ಅಂಚಿನ ರಾಜಕಾರಣ ಮತ್ತು ಅಣ್ವಸ್ತ್ರ ಪೈಪೋಟಿ: 1962ರ ಕ್ಯೂಬಾದಿಂದ 1983ರ ಮಾಸ್ಕೋವರೆಗೆ

ಅಮೆರಿಕದ ವಿದೇಶಾಂಗ ಸಚಿವರಾಗಿದ್ದ ಜಾನ್ ಫಾಸ್ಟರ್ ಡಲೆಸ್ 1956ರ ಜನವರಿಯಲ್ಲಿ ಪ್ರಕಟವಾದ ಸಂದರ್ಶನವೊಂದರಲ್ಲಿ, ಯುದ್ಧಕ್ಕೆ ಇಳಿಯದೆಯೇ ಯುದ್ಧದ ಅಂಚಿನವರೆಗೆ ಹೋಗಿ ಬರುವ ಸಾಮರ್ಥ್ಯ ಆಳುವವರಿಗೆ ಇರಲೇಬೇಕಾದ ಕಲೆ ಎಂದು ಹೇಳಿದರು. ಆ ಅಂಚಿಗೆ ಹೋಗಲು ಅಂಜುವವನು ಸೋತಂತೆಯೇ ಎಂಬುದು ಅವರ ಮಾತಿನ ಸಾರ. ಕೊರಿಯಾ, ಇಂಡೋಚೀನಾ ಮತ್ತು ತೈವಾನ್ ಜಲಸಂಧಿಯ ಬಿಕ್ಕಟ್ಟುಗಳಲ್ಲಿ ತಮ್ಮ ಸರ್ಕಾರ ಹೀಗೆ ಅಂಚಿನವರೆಗೆ ಹೋಗಿ ಗೆದ್ದು ಬಂದಿದೆ ಎಂಬ ಹೆಮ್ಮೆ ಅವರಿಗಿತ್ತು. ವಿರೋಧ ಪಕ್ಷದ ನಾಯಕ ಅಡ್ಲೈ ಸ್ಟೀವನ್‌ಸನ್ ಸೇರಿದಂತೆ ಹಲವರು ಇದನ್ನು ದೇಶದ ಪ್ರಾಣವನ್ನೇ ಪಣಕ್ಕೊಡ್ಡುವ ಆಟವೆಂದು ಖಂಡಿಸಿದರು. ಆದರೂ ಮುಂದಿನ ಮೂರು ದಶಕಗಳ ಕಾಲ ಅಮೆರಿಕ ಮತ್ತು ಸೋವಿಯತ್ ಒಕ್ಕೂಟ ಎರಡೂ ನಡೆಸಿದ್ದು ಬಹುಮಟ್ಟಿಗೆ ಇದೇ ಅಂಚಿನ ರಾಜಕಾರಣವನ್ನು.

ಈ ತಂತ್ರದ ಬುಡದಲ್ಲೇ ಒಂದು ತೊಡಕಿದೆ. ಎದುರಾಳಿಯ ಬಳಿ ಅಣ್ವಸ್ತ್ರ ಇಲ್ಲದಿದ್ದಾಗ ‘ನನ್ನ ಮಾತು ಕೇಳದಿದ್ದರೆ ಬಾಂಬ್ ಹಾಕುತ್ತೇನೆ’ ಎಂಬ ಬೆದರಿಕೆಯನ್ನು ನಂಬಬಹುದು. ಆದರೆ ಅವನ ಬಳಿಯೂ ಅಷ್ಟೇ ಬಾಂಬ್‌ಗಳಿದ್ದರೆ ಅದು ‘ನಾನೂ ಸಾಯುತ್ತೇನೆ, ನೀನೂ ಸಾಯಿ’ ಎಂದಂತಾಗುತ್ತದೆ. ದೂರದ ಯಾವುದೋ ದ್ವೀಪಕ್ಕಾಗಿ ಅಥವಾ ಬರ್ಲಿನ್ ನಗರದ ಅರ್ಧ ಭಾಗಕ್ಕಾಗಿ ನ್ಯೂಯಾರ್ಕ್ ಅಥವಾ ಮಾಸ್ಕೋ ನಗರವನ್ನು ಬಲಿ ಕೊಡಲು ಬುದ್ಧಿ ನೆಟ್ಟಗಿರುವ ಯಾವ ನಾಯಕನೂ ಸಿದ್ಧನಿರುವುದಿಲ್ಲ. ಹೀಗಿದ್ದಾಗ ಆ ಬೆದರಿಕೆಯನ್ನು ಎದುರಾಳಿ ಏಕೆ ನಂಬಬೇಕು?

ಇದಕ್ಕೆ ಹೆಚ್ಚು ಸ್ಪಷ್ಟವಾದ ಉತ್ತರ ಕೊಟ್ಟವರು ಅರ್ಥಶಾಸ್ತ್ರಜ್ಞ ಥಾಮಸ್ ಶೆಲ್ಲಿಂಗ್. ನಾಯಕನು ‘ನಾನು ಖಂಡಿತ ಯುದ್ಧ ಮಾಡುತ್ತೇನೆ’ ಎಂದು ಎದುರಾಳಿಯನ್ನು ನಂಬಿಸಬೇಕಾಗಿಲ್ಲ; ಯಾರೂ ಬಯಸದಿದ್ದರೂ ಯುದ್ಧ ಹೊತ್ತಿಕೊಳ್ಳಬಹುದಾದಂಥ ಪರಿಸ್ಥಿತಿಯನ್ನು ಬೇಕೆಂದೇ ನಿರ್ಮಿಸಿದರೆ ಸಾಕು ಎಂದು ಅವರು ವಿವರಿಸಿದರು. ಸೇನೆಯನ್ನು ಕಟ್ಟೆಚ್ಚರದಲ್ಲಿಡುವುದು, ಬಾಂಬರ್‌ಗಳನ್ನು ಆಕಾಶದಲ್ಲೇ ತಿರುಗಿಸುತ್ತಿರುವುದು, ಎದುರಾಳಿಯ ಹಡಗುಗಳಿಗೆ ಅಡ್ಡ ನಿಲ್ಲುವುದು, ಹೀಗೆ ಒಂದೊಂದು ಹೆಜ್ಜೆ ಇಟ್ಟಾಗಲೂ ಸಂಗತಿ ಕೈಮೀರುವ ಸಾಧ್ಯತೆ ಇಷ್ಟಿಷ್ಟೇ ಏರುತ್ತದೆ. ಒಂದೇ ವಾಹನ ಹಿಡಿಸುವ ರಸ್ತೆಯಲ್ಲಿ ಎದುರುಬದುರಾಗಿ ನುಗ್ಗಿ ಬರುವ ಎರಡು ಲಾರಿಗಳ ಚಾಲಕರಿಬ್ಬರಿಗೂ ಸಾಯುವ ಆಸೆ ಇರುವುದಿಲ್ಲ, ಆದರೆ ಮೊದಲು ಪಕ್ಕಕ್ಕೆ ಸರಿಯುವವನು ತಾನಾಗಬಾರದೆಂಬ ಹಟ ಇಬ್ಬರಿಗೂ ಇರುತ್ತದೆ. ಅಪಾಯವನ್ನು ತಾಳಿಕೊಳ್ಳುವ ಎದೆಗಾರಿಕೆ ಯಾರಲ್ಲಿ ಮೊದಲು ಮುಗಿಯುತ್ತದೆಯೋ ಅವರು ಸರಿಯುತ್ತಾರೆ ಎಂಬುದು ಈ ತಂತ್ರದ ಲೆಕ್ಕಾಚಾರ.

ಇದರ ಅರ್ಥವನ್ನು ನಿಧಾನವಾಗಿ ಯೋಚಿಸಬೇಕು. ಅಪಾಯ ನಿಜವಾಗಿಯೂ ಇದ್ದರೆ ಮಾತ್ರ ಈ ಬೆದರಿಕೆಗೆ ಬೆಲೆ. ಸಂಪೂರ್ಣವಾಗಿ ಹಿಡಿತದಲ್ಲಿರುವ ಅಪಾಯಕ್ಕೆ ಯಾರೂ ಹೆದರುವುದಿಲ್ಲ. ಆದ್ದರಿಂದ ಹಿಡಿತ ತಪ್ಪುವ ಸಾಧ್ಯತೆಯನ್ನು ಈ ತಂತ್ರದಿಂದ ಬೇರ್ಪಡಿಸಲು ಬರುವುದಿಲ್ಲ, ಅದು ಕೆಲಸ ಮಾಡುವುದೇ ಆ ಸಾಧ್ಯತೆಯ ಬಲದಿಂದ. ಶೀತಲ ಸಮರದ ಇತಿಹಾಸವನ್ನು ಇಬ್ಬರು ಜಾಣ ಆಟಗಾರರ ಚದುರಂಗದಂತೆ ಬಣ್ಣಿಸುವ ಬರಹಗಳು ಮರೆಸುವುದು ಇದನ್ನೇ. ಆ ಕಾಲದ ರಹಸ್ಯ ಕಡತಗಳು ತೆರೆದುಕೊಂಡ ಮೇಲೆ ತಿಳಿದಿರುವಂತೆ, ಅತಿ ಅಪಾಯಕರ ಗಳಿಗೆಗಳಲ್ಲಿ ನಿರ್ಧಾರದ ಕೊನೆಯ ಎಳೆ ಹಲವು ಸಲ ವಾಷಿಂಗ್ಟನ್ ಅಥವಾ ಮಾಸ್ಕೋದ ನಾಯಕರ ಕೈಯಲ್ಲಿ ಇರಲಿಲ್ಲ.

ಪೈಪೋಟಿ ಆರಂಭವಾದ ಬಗೆಯನ್ನು ಮೊದಲು ನೋಡೋಣ. 1945ರ ಆಗಸ್ಟ್ 6ರಂದು ಹಿರೋಷಿಮಾದ ಮೇಲೆ ಬಿದ್ದ ಬಾಂಬಿನ ಶಕ್ತಿ ಸುಮಾರು 15 ಕಿಲೋಟನ್, ಅಂದರೆ 15,000 ಟನ್ ಟಿಎನ್‌ಟಿ ಸ್ಫೋಟಕಕ್ಕೆ ಸಮ. ಅಮೆರಿಕದ ಏಕಸ್ವಾಮ್ಯ ಉಳಿದದ್ದು ನಾಲ್ಕೇ ವರ್ಷ. 1949ರ ಆಗಸ್ಟ್ 29ರಂದು ಸೋವಿಯತ್ ಒಕ್ಕೂಟ ಕಜಾಕಿಸ್ತಾನದ ಸೆಮಿಪಲಾಟಿನ್‌ಸ್ಕ್‌ನಲ್ಲಿ ತನ್ನ ಮೊದಲ ಬಾಂಬನ್ನು ಪರೀಕ್ಷಿಸಿತು. ಅದಕ್ಕೆ ಸವ್ವಾಸೇರಾಗಿ ಜಲಜನಕ ಬಾಂಬ್ ಬೇಕೆಂದು ಅಧ್ಯಕ್ಷ ಟ್ರೂಮನ್ 1950ರ ಜನವರಿಯಲ್ಲಿ ತೀರ್ಮಾನಿಸಿದರು. ರಾಬರ್ಟ್ ಓಪನ್‌ಹೈಮರ್ ಅಧ್ಯಕ್ಷತೆಯ ವಿಜ್ಞಾನಿಗಳ ಸಲಹಾ ಸಮಿತಿ ಇದು ಬೇಡವೆಂದು ಕೆಲವೇ ತಿಂಗಳ ಹಿಂದೆ ಸ್ಪಷ್ಟವಾಗಿ ಹೇಳಿತ್ತು. 1952ರ ನವೆಂಬರ್ 1ರಂದು ಪೆಸಿಫಿಕ್ ಸಾಗರದ ಎನಿವೆಟಾಕ್ ಹವಳದ್ವೀಪಗಳಲ್ಲಿ ನಡೆದ ಪರೀಕ್ಷೆಯ ಶಕ್ತಿ 10.4 ಮೆಗಾಟನ್ (ಒಂದು ಮೆಗಾಟನ್ ಎಂದರೆ ಸಾವಿರ ಕಿಲೋಟನ್), ಹಿರೋಷಿಮಾದ ಸುಮಾರು 700 ಪಟ್ಟು. ಸಾಧನವನ್ನು ಇಟ್ಟಿದ್ದ ಎಲುಗೆಲಾಬ್ ಎಂಬ ಕಿರುದ್ವೀಪ ಅಂದೇ ನಕಾಶೆಯಿಂದ ಅಳಿಸಿಹೋಯಿತು. ಮರುವರ್ಷದ ಆಗಸ್ಟ್‌ನಲ್ಲಿ ಸೋವಿಯತ್ ಕೂಡ ಉಷ್ಣಪರಮಾಣು (ಜಲಜನಕ ಬಾಂಬ್ ಬಗೆಯ) ಸಾಧನವನ್ನು ಸಿಡಿಸಿತು.

1954ರ ಮಾರ್ಚ್ 1ರಂದು ಬಿಕಿನಿ ಹವಳದ್ವೀಪದಲ್ಲಿ ಅಮೆರಿಕ ಸಿಡಿಸಿದ ಬಾಂಬ್ 6 ಮೆಗಾಟನ್‌ನಷ್ಟು ಶಕ್ತಿ ಬಿಡುಗಡೆ ಮಾಡಬಹುದೆಂಬ ಅಂದಾಜಿತ್ತು; ಆದದ್ದು 15. ಬಾಂಬಿನಲ್ಲಿ ಬಳಸಿದ ಲಿಥಿಯಂ ಧಾತುವಿನ ಒಂದು ರೂಪ (ಐಸೋಟೋಪು) ತಟಸ್ಥವಾಗಿರುತ್ತದೆಂದು ಭಾವಿಸಿದ್ದು ತಪ್ಪಾಗಿತ್ತು. ವಿಕಿರಣದ ಬೂದಿ ಮಾರ್ಷಲ್ ದ್ವೀಪಗಳ ಜನವಸತಿಗಳ ಮೇಲೆ ಮತ್ತು ದೂರದಲ್ಲಿ ಮೀನು ಹಿಡಿಯುತ್ತಿದ್ದ ಜಪಾನಿ ದೋಣಿಯೊಂದರ 23 ಮಂದಿಯ ಮೇಲೆ ಸುರಿಯಿತು. ಅವರಲ್ಲಿ ರೇಡಿಯೊ ನಿರ್ವಾಹಕ ಆ ವರ್ಷದ ಸೆಪ್ಟೆಂಬರ್‌ನಲ್ಲಿ ತೀರಿಕೊಂಡರು. ಇದಾದ ಒಂದು ತಿಂಗಳಲ್ಲಿ, ಏಪ್ರಿಲ್ 2ರಂದು, ಜವಾಹರಲಾಲ್ ನೆಹರೂ ಲೋಕಸಭೆಯಲ್ಲಿ ಮಾತನಾಡಿ, ಶಸ್ತ್ರ ತ್ಯಾಗದ ದೊಡ್ಡ ಒಪ್ಪಂದಕ್ಕೆ ಕಾಲ ಹಿಡಿದರೂ ಸರಿ, ಪರೀಕ್ಷೆಗಳನ್ನಾದರೂ ಸದ್ಯಕ್ಕೆ ನಿಲ್ಲಿಸುವ ಒಡಂಬಡಿಕೆ ಆಗಲಿ ಎಂದು ಕೇಳಿದರು. ಪರೀಕ್ಷಾ ನಿಷೇಧದ ಬೇಡಿಕೆಯನ್ನು ಸರ್ಕಾರದ ಮುಖ್ಯಸ್ಥರೊಬ್ಬರು ಇಷ್ಟು ಮುಂಚೆಯೇ ಜಗತ್ತಿನ ಮುಂದೆ ಇಟ್ಟಿದ್ದನ್ನು ನಾವು ಇನ್ನಷ್ಟು ನೆನೆಯಬೇಕು ಎಂಬುದು ನನ್ನ ಅನಿಸಿಕೆ.

ಬಾಂಬಿನ ಗಾತ್ರಕ್ಕಿಂತ ಹೆಚ್ಚಾಗಿ ಪೈಪೋಟಿಯ ಸ್ವರೂಪವನ್ನು ಬದಲಿಸಿದ್ದು ಅದನ್ನು ಸಾಗಿಸುವ ವಾಹನ. ಬಾಂಬರ್ ವಿಮಾನ ಗುರಿ ಮುಟ್ಟಲು ಗಂಟೆಗಳು ಬೇಕಿದ್ದವು, ನಡುದಾರಿಯಿಂದ ವಾಪಸು ಕರೆಸಿಕೊಳ್ಳಲೂ ಬರುತ್ತಿತ್ತು. 1957ರ ಅಕ್ಟೋಬರ್ 4ರಂದು ಸ್ಪುಟ್ನಿಕ್ ಉಪಗ್ರಹವನ್ನು ಕಕ್ಷೆಗೆ ಸೇರಿಸಿದ ರಾಕೆಟ್ ಮೂಲತಃ ಖಂಡಾಂತರ ಕ್ಷಿಪಣಿಯಾಗಿತ್ತು. ಅಂಥ ಕ್ಷಿಪಣಿ ಸುಮಾರು 30 ನಿಮಿಷಗಳಲ್ಲಿ ಖಂಡದಿಂದ ಖಂಡಕ್ಕೆ ತಲುಪುತ್ತದೆ ಮತ್ತು ಒಮ್ಮೆ ಹಾರಿದರೆ ಹಿಂದಕ್ಕೆ ಕರೆಯಲಾಗದು. ಸೋವಿಯತ್ ನಾಯಕ ನಿಕಿತಾ ಕ್ರುಶ್ಚೇವ್ ತಮ್ಮ ಕಾರ್ಖಾನೆಗಳಿಂದ ಕ್ಷಿಪಣಿಗಳು ಸಾಲುಸಾಲಾಗಿ ಹೊರಬರುತ್ತಿವೆ ಎಂದು ಕೊಚ್ಚಿಕೊಂಡರು. ಅಮೆರಿಕದಲ್ಲಿ ‘ಕ್ಷಿಪಣಿ ಕಂದರ’ದ ಗುಲ್ಲೆದ್ದಿತು, ದೇಶ ಹಿಂದೆ ಬಿದ್ದಿದೆ ಎಂಬ ಆರೋಪವನ್ನು ಜಾನ್ ಕೆನಡಿ 1960ರ ಚುನಾವಣೆಯಲ್ಲಿ ಚೆನ್ನಾಗಿಯೇ ಬಳಸಿಕೊಂಡರು. ಬೇಹುಗಾರಿಕೆ ಉಪಗ್ರಹಗಳ ಚಿತ್ರಗಳು ಕೈಗೆ ಬಂದಾಗ ಪರಿಸ್ಥಿತಿ ತಿರುವುಮುರುವಾಗಿದ್ದುದು ಕಂಡಿತು: ಸೋವಿಯತ್ ಬಳಿ ಅಮೆರಿಕವನ್ನು ಮುಟ್ಟಬಲ್ಲ ಕ್ಷಿಪಣಿಗಳು ಬೆರಳೆಣಿಕೆಯಷ್ಟೇ ಇದ್ದವು. 1961ರ ಅಕ್ಟೋಬರ್‌ನಲ್ಲಿ ಅಮೆರಿಕದ ರಕ್ಷಣಾ ಉಪಸಚಿವ ರಾಸ್‌ವೆಲ್ ಗಿಲ್‌ಪ್ಯಾಟ್ರಿಕ್ ತಮ್ಮ ದೇಶದ ಮೇಲುಗೈಯನ್ನು ಸಾರ್ವಜನಿಕ ಭಾಷಣದಲ್ಲೇ ಬಯಲು ಮಾಡಿದರು. ಎದುರಾಳಿಯ ಬಡಾಯಿ ಬಯಲಾಯಿತೆಂಬ ಸಮಾಧಾನ ವಾಷಿಂಗ್ಟನ್‌ಗೆ ಸಿಕ್ಕಿತು. ಆದರೆ ಬಡಾಯಿ ಬಯಲಾದ ಎದುರಾಳಿ ಆ ಕೊರತೆಯನ್ನು ಬೇಗ ತುಂಬಿಕೊಳ್ಳುವ ದಾರಿ ಹುಡುಕುತ್ತಾನೆಂಬುದನ್ನು ಅಲ್ಲಿ ಹೆಚ್ಚು ಮಂದಿ ಯೋಚಿಸಿರಲಿಲ್ಲ.

ಆ ಅಡ್ಡದಾರಿಯೇ ಕ್ಯೂಬಾ. ಅಮೆರಿಕದ ನೆಲಕ್ಕೆ ತಾಗಿದಂತಿರುವ ಆ ದ್ವೀಪದಲ್ಲಿ ಮಧ್ಯಮ ವ್ಯಾಪ್ತಿಯ ಕ್ಷಿಪಣಿಗಳನ್ನು ನಿಲ್ಲಿಸಿದರೆ ಖಂಡಾಂತರ ಕ್ಷಿಪಣಿಗಳ ಕೊರತೆ ಕಡಿಮೆ ಖರ್ಚಿನಲ್ಲಿ ತುಂಬುತ್ತಿತ್ತು. 1961ರ ಏಪ್ರಿಲ್‌ನಲ್ಲಿ ಪಿಗ್ಸ್ ಕೊಲ್ಲಿಯ ದಾಳಿಯ ಮೂಲಕ ಫಿಡೆಲ್ ಕ್ಯಾಸ್ಟ್ರೊ ಸರ್ಕಾರವನ್ನು ಉರುಳಿಸಲು ಅಮೆರಿಕ ಯತ್ನಿಸಿದ್ದರಿಂದ ಕ್ಯೂಬಾವನ್ನು ರಕ್ಷಿಸುವ ಕಾರಣವೂ ಇತ್ತು. ಅಮೆರಿಕ ತನ್ನ 15 ಜುಪಿಟರ್ ಕ್ಷಿಪಣಿಗಳನ್ನು ಸೋವಿಯತ್ ಗಡಿಯ ಮಗ್ಗುಲಲ್ಲೇ, ಟರ್ಕಿಯಲ್ಲಿ, ನಿಲ್ಲಿಸಿದ್ದಾಗ ತಾನೇಕೆ ಹಾಗೆ ಮಾಡಬಾರದು ಎಂಬುದು ಕ್ರುಶ್ಚೇವ್ ವಾದ. ಆದರೆ ಅವರು ಇದನ್ನು ಗುಟ್ಟಾಗಿ, ಇಲ್ಲವೆಂದು ಭರವಸೆ ಕೊಡುತ್ತಲೇ ಮಾಡಿದರು, ಬಿಕ್ಕಟ್ಟು ಅಷ್ಟು ಕಹಿಯಾದದ್ದು ಅದರಿಂದಲೂ ಹೌದು.

1962ರ ಅಕ್ಟೋಬರ್ 14ರಂದು ಯು-2 ಬೇಹುಗಾರಿಕೆ ವಿಮಾನ ತೆಗೆದ ಕ್ಯೂಬಾದ ಕ್ಷಿಪಣಿ ನೆಲೆಗಳ ಚಿತ್ರಗಳು 16ರ ಬೆಳಿಗ್ಗೆ ಅಧ್ಯಕ್ಷ ಕೆನಡಿ ಅವರ ಕೈಸೇರಿದವು. ವೈಮಾನಿಕ ದಾಳಿ ನಡೆಸಿ ದ್ವೀಪವನ್ನು ಆಕ್ರಮಿಸಬೇಕೆಂದು ಸೇನಾ ಮುಖ್ಯಸ್ಥರು ಪಟ್ಟು ಹಿಡಿದರು. ಕೆನಡಿ ನೌಕಾ ದಿಗ್ಬಂಧನವನ್ನು ಆಯ್ದುಕೊಂಡು 22ರ ರಾತ್ರಿ ದೇಶಕ್ಕೆ ತಿಳಿಸಿದರು. 24ರಂದು ಅಮೆರಿಕದ ಅಣ್ವಸ್ತ್ರ ವಾಯುಪಡೆ ಯುದ್ಧಕ್ಕಿಂತ ಒಂದೇ ಮೆಟ್ಟಿಲು ಕೆಳಗಿನ ಎಚ್ಚರಿಕೆಯ ಹಂತಕ್ಕೆ ಏರಿತು. ಅದೇ ವಾರ, 20ರಂದು, ಚೀನಾದ ಸೇನೆ ನಮ್ಮ ಈಶಾನ್ಯ ಗಡಿ ಮತ್ತು ಲಡಾಖಿನಲ್ಲಿ ದಾಳಿ ಆರಂಭಿಸಿತ್ತು. ಭಾರತ ತನ್ನ ಗಡಿಯ ಚಿಂತೆಯಲ್ಲಿ ಮುಳುಗಿದ್ದಾಗ ಎರಡೂ ಮಹಾಶಕ್ತಿಗಳ ಗಮನ ಕೆರಿಬಿಯನ್ ಸಮುದ್ರದಲ್ಲಿ ನೆಟ್ಟಿತ್ತು.

ಈ ಬಿಕ್ಕಟ್ಟಿನ ಒಂದೇ ದಿನವನ್ನು, ಅಕ್ಟೋಬರ್ 27ರ ಶನಿವಾರವನ್ನು, ಹತ್ತಿರದಿಂದ ನೋಡಿದರೆ ಅಂಚಿನ ರಾಜಕಾರಣದ ಒಳಗುಟ್ಟು ತಿಳಿಯುತ್ತದೆ. ಅಂದು ಬೆಳಿಗ್ಗೆ ಕ್ಯೂಬಾದ ಮೇಲೆ ಹಾರುತ್ತಿದ್ದ ಯು-2 ವಿಮಾನವನ್ನು ಸೋವಿಯತ್ ಕ್ಷಿಪಣಿ ಹೊಡೆದುರುಳಿಸಿತು. ಪೈಲಟ್ ರುಡಾಲ್ಫ್ ಆಂಡರ್ಸನ್ ಮೃತಪಟ್ಟರು. ಹೊಡೆಯುವ ಆದೇಶ ಕೊಟ್ಟದ್ದು ಮಾಸ್ಕೋ ಅಲ್ಲ, ಸ್ಥಳದಲ್ಲಿದ್ದ ಸೋವಿಯತ್ ಅಧಿಕಾರಿಗಳು. ವಾಷಿಂಗ್ಟನ್‌ಗೆ ಅದು ತಿಳಿಯುವಂತಿರಲಿಲ್ಲ, ಕ್ರುಶ್ಚೇವ್ ಬೇಕೆಂದೇ ಮೆಟ್ಟಿಲೇರಿದ್ದಾರೆ ಎಂದೇ ಅಲ್ಲಿ ತಿಳಿದರು. ವಿಮಾನ ಉರುಳಿದರೆ ಕ್ಷಿಪಣಿ ನೆಲೆಯ ಮೇಲೆ ಪ್ರತಿದಾಳಿ ಮಾಡಬೇಕೆಂದು ಅದಕ್ಕೆ ಮೊದಲೇ ನಿಶ್ಚಯಿಸಲಾಗಿತ್ತು. ಕೆನಡಿ ಅದನ್ನು ತಡೆಹಿಡಿದರು.

ಹೆಚ್ಚುಕಡಿಮೆ ಅದೇ ಹೊತ್ತಿಗೆ ಸಾವಿರಾರು ಮೈಲಿ ದೂರದ ಉತ್ತರ ಧ್ರುವದ ಬಳಿ ಗಾಳಿಯ ಮಾದರಿ ಸಂಗ್ರಹಿಸಲು ಹೋಗಿದ್ದ ಇನ್ನೊಂದು ಯು-2 ವಿಮಾನದ ಪೈಲಟ್ ಚಾರ್ಲ್ಸ್ ಮಾಲ್ಟ್ಸ್‌ಬಿ ದಾರಿ ತಪ್ಪಿದರು. ನಕ್ಷತ್ರಗಳನ್ನು ನೋಡಿ ದಿಕ್ಕು ಗೊತ್ತುಮಾಡಿಕೊಳ್ಳಬೇಕಿದ್ದ ಅವರಿಗೆ ಧ್ರುವಪ್ರಭೆಯ ಬೆಳಕಿನಲ್ಲಿ ನಕ್ಷತ್ರಗಳು ಸರಿಯಾಗಿ ಕಾಣಲಿಲ್ಲ. ವಿಮಾನ ಸೋವಿಯತ್ ನಾಡಿನ ಚುಕೋಟ್ಕಾ ಪ್ರದೇಶದ ಮೇಲೆ ಹೊಕ್ಕಿತು. ಅದನ್ನು ಹಿಡಿಯಲು ಮಿಗ್ ವಿಮಾನಗಳು ಎದ್ದವು. ರಕ್ಷಿಸಲು ಅಲಾಸ್ಕಾದಿಂದ ಎದ್ದ ಅಮೆರಿಕದ ಯುದ್ಧವಿಮಾನಗಳಲ್ಲಿ ಕಟ್ಟೆಚ್ಚರದ ನಿಯಮದಂತೆ ಅಣು ಸಿಡಿತಲೆಯ ಕ್ಷಿಪಣಿಗಳಿದ್ದವು. ಹಿಂದಿನ ಯಾವುದೋ ವೇಳಾಪಟ್ಟಿಯಂತೆ ಹೊರಟಿದ್ದ ಈ ಹಾರಾಟವನ್ನು ಬಿಕ್ಕಟ್ಟಿನ ನಡುವೆ ರದ್ದುಮಾಡಬೇಕೆಂದು ಯಾರಿಗೂ ಹೊಳೆದಿರಲಿಲ್ಲ. ಮಾಲ್ಟ್ಸ್‌ಬಿ ಇಂಧನ ತೀರಿದ ವಿಮಾನವನ್ನು ತೇಲಿಸಿಕೊಂಡು ಅಲಾಸ್ಕಾ ಸೇರಿದರು.

ಆ ಸಂಜೆ ಕ್ಯೂಬಾದ ಈಶಾನ್ಯಕ್ಕೆ, ಅಟ್ಲಾಂಟಿಕ್ ಸಾಗರದ ನೀರಿನಡಿ, ಬಿ-59 ಎಂಬ ಸೋವಿಯತ್ ಜಲಾಂತರ್ಗಾಮಿಯನ್ನು ಅಮೆರಿಕದ ಯುದ್ಧನೌಕೆಗಳು ಸುತ್ತುವರಿದಿದ್ದವು. ಮೇಲೆ ಬರುವಂತೆ ಸೂಚಿಸಲು ಅವು ಅಭ್ಯಾಸಕ್ಕೆ ಬಳಸುವ ಸಣ್ಣ ಸ್ಫೋಟಕಗಳನ್ನು ನೀರಿಗೆ ಬಿಡುತ್ತಿದ್ದವು. ಈ ಸಂಕೇತದ ಅರ್ಥವನ್ನು ಮಾಸ್ಕೋಗೆ ತಿಳಿಸಲಾಗಿತ್ತು, ಜಲಾಂತರ್ಗಾಮಿಗೆ ಅದು ತಲುಪಿರಲಿಲ್ಲ. ಬ್ಯಾಟರಿ ಬರಿದಾಗುತ್ತಿತ್ತು, ಒಳಗಿನ ಉಷ್ಣಾಂಶ 45 ಡಿಗ್ರಿ ಸೆಲ್ಸಿಯಸ್ ದಾಟಿತ್ತು, ಗಾಳಿ ಕೆಟ್ಟು ನಾವಿಕರು ಪ್ರಜ್ಞೆ ತಪ್ಪಿ ಬೀಳುತ್ತಿದ್ದರು, ಮಾಸ್ಕೋ ಜೊತೆ ಸಂಪರ್ಕವಿರಲಿಲ್ಲ. ಅದರಲ್ಲಿ ಒಂದು ಅಣು ಟಾರ್ಪೆಡೊ ಇರುವುದು ಮೇಲಿದ್ದ ಅಮೆರಿಕನ್ನರಿಗೆ ಗೊತ್ತಿರಲಿಲ್ಲ. ಮೇಲೆ ಯುದ್ಧ ಶುರುವಾಗಿಯೇ ಬಿಟ್ಟಿದೆ ಎಂದು ಭಾವಿಸಿದ ಕ್ಯಾಪ್ಟನ್ ವ್ಯಾಲೆಂಟಿನ್ ಸವಿಟ್ಸ್‌ಕಿ ಆ ಟಾರ್ಪೆಡೊವನ್ನು ಸಿದ್ಧಪಡಿಸಲು ಹೇಳಿದರೆಂದೂ, ಅದೇ ನೌಕೆಯಲ್ಲಿದ್ದ ಪಡೆಯ ಹಿರಿಯ ಅಧಿಕಾರಿ ವಸಿಲಿ ಅರ್ಖಿಪೊವ್ ಅವರನ್ನು ಸಮಾಧಾನಪಡಿಸಿ ತಡೆದರೆಂದೂ ಸಿಬ್ಬಂದಿಯೊಬ್ಬರು ದಶಕಗಳ ನಂತರ ವಿವರಿಸಿದ್ದಾರೆ. ಅಂದಿನ ಮಾತುಕತೆಯ ವಿವರಗಳ ಬಗ್ಗೆ ಬದುಕಿದ್ದವರ ನೆನಪುಗಳು ಒಂದೇ ರೀತಿ ಇಲ್ಲ. ಆದರೆ ಅಣು ಟಾರ್ಪೆಡೊ ಅಲ್ಲಿತ್ತು, ಸ್ಫೋಟಕಗಳು ಬಿದ್ದಿದ್ದವು, ನೌಕೆ ಕೊನೆಗೆ ನೀರಿನ ಮೇಲೆ ಬಂದು ವಾಪಸು ಹೋಯಿತು ಎಂಬುದರಲ್ಲಿ ಸಂದೇಹವಿಲ್ಲ.

ಇಷ್ಟೆಲ್ಲ ನಡೆಯುತ್ತಿರುವಾಗ ಇಬ್ಬರು ನಾಯಕರ ನಡುವಿನ ಸಂಪರ್ಕ ಹೇಗಿತ್ತು ಎಂಬುದು ಇಂದಿಗೆ ನಂಬಲು ಕಷ್ಟ. ವಾಷಿಂಗ್ಟನ್‌ನಲ್ಲಿದ್ದ ಸೋವಿಯತ್ ರಾಯಭಾರಿ ಅನಾತೊಲಿ ಡೊಬ್ರಿನಿನ್ ತಮ್ಮ ಸಂದೇಶವನ್ನು ಗೂಢಲಿಪಿಗೆ ಬದಲಿಸಿ, ಖಾಸಗಿ ತಂತಿ ಕಂಪನಿಗೆ ಕರೆಮಾಡಿ, ಸೈಕಲ್ಲಿನಲ್ಲಿ ಬರುವ ಹುಡುಗನ ಕೈಗೆ ಕೊಟ್ಟು ಕಳಿಸುತ್ತಿದ್ದರು. ಅವನು ನಡುವೆ ಎಲ್ಲೂ ನಿಲ್ಲದೆ ಕಚೇರಿ ಸೇರಲಿ ಎಂದು ಹಾರೈಸುವುದಷ್ಟೇ ತಮಗೆ ಉಳಿದಿತ್ತೆಂದು ಅವರು ಆಮೇಲೆ ನೆನಪಿಸಿಕೊಂಡಿದ್ದಾರೆ. 26ರಂದು ಕ್ರುಶ್ಚೇವ್ ಬರೆದ ದೀರ್ಘ ಪತ್ರ ಪೂರ್ತಿಯಾಗಿ ವಾಷಿಂಗ್ಟನ್ ತಲುಪಲು ಸುಮಾರು 12 ಗಂಟೆ ಹಿಡಿಯಿತು. ಯುದ್ಧದ ಗಂಟನ್ನು ಹಾಕಿರುವ ಹಗ್ಗವನ್ನು ನಾವಿಬ್ಬರೂ ಎರಡು ಕಡೆಯಿಂದ ಎಳೆಯುವುದು ಬೇಡ, ಎಳೆದಷ್ಟೂ ಗಂಟು ಬಿಗಿಯುತ್ತದೆ, ಕೊನೆಗೆ ಕಟ್ಟಿದವನೇ ಬಿಚ್ಚಲಾರದೆ ಅದನ್ನು ಕತ್ತರಿಸಬೇಕಾಗುತ್ತದೆ ಎಂದು ಅದರಲ್ಲಿ ಅವರು ಬರೆದಿದ್ದರು. ಈ ಬಿಕ್ಕಟ್ಟನ್ನು ಇದಕ್ಕಿಂತ ಸರಿಯಾಗಿ ಯಾರೂ ವರ್ಣಿಸಿಲ್ಲ. ಎರಡು ಕಡೆಯವರೂ ಎಷ್ಟು ಸಲ ಎಳೆದರೆಂಬುದು ಮುಖ್ಯವಲ್ಲ, ಬಿಗಿದ ಗಂಟು ಇಬ್ಬರ ಬೆರಳಿಗೂ ಸಿಗದ ಸ್ಥಿತಿ ಬರುವುದು ಮುಖ್ಯ.

27ರ ರಾತ್ರಿ ಅಧ್ಯಕ್ಷರ ತಮ್ಮ ರಾಬರ್ಟ್ ಕೆನಡಿ ಡೊಬ್ರಿನಿನ್ ಅವರನ್ನು ಗುಟ್ಟಾಗಿ ಕಂಡು, ಕ್ಯೂಬಾವನ್ನು ಆಕ್ರಮಿಸುವುದಿಲ್ಲವೆಂಬ ಬಹಿರಂಗ ಭರವಸೆಯ ಜೊತೆಗೆ, ಟರ್ಕಿಯ ಜುಪಿಟರ್ ಕ್ಷಿಪಣಿಗಳನ್ನು ನಾಲ್ಕೈದು ತಿಂಗಳಲ್ಲಿ ತೆಗೆಯುತ್ತೇವೆ, ಆದರೆ ಇದು ಹೊರಗೆ ಬರಕೂಡದು ಎಂದರು. ಮರುದಿನ ಮಾಸ್ಕೋ ರೇಡಿಯೊದಲ್ಲಿ ಕ್ರುಶ್ಚೇವ್ ಕ್ಷಿಪಣಿಗಳನ್ನು ಹಿಂತೆಗೆಯುವುದಾಗಿ ಸಾರಿದರು. 1963ರ ಏಪ್ರಿಲ್ ವೇಳೆಗೆ ಟರ್ಕಿಯಿಂದಲೂ ಕ್ಷಿಪಣಿಗಳು ಹೊರಟವು. ಕೊಟ್ಟು ತೆಗೆದುಕೊಂಡ ಈ ಒಪ್ಪಂದವನ್ನು ಅಮೆರಿಕ ದಶಕಗಳ ಕಾಲ ಮುಚ್ಚಿಟ್ಟದ್ದರಿಂದ ಜನ ತಪ್ಪು ಪಾಠ ಕಲಿತರು: ಕೆನಡಿ ಕದಲದೆ ನಿಂತದ್ದಕ್ಕೆ ಸೋವಿಯತ್ ಬಗ್ಗಿತು ಎಂಬ ಕಥೆ ಬೇರೂರಿತು. ಮುಂದಿನ ಪೀಳಿಗೆಯ ರಾಜಕಾರಣಿಗಳು ಅಂಚಿಗೆ ಹೋಗಿ ನಿಂತರೆ ಗೆಲುವು ಖಚಿತ ಎಂದು ನಂಬಲು ಈ ಕಥೆಯೇ ಆಧಾರವಾಯಿತು ಎಂಬುದು ನನಗೆ ಇಡೀ ಪ್ರಸಂಗದ ಅತ್ಯಂತ ದುಃಖದ ಭಾಗವಾಗಿ ಕಾಣುತ್ತದೆ.

ಮೂವತ್ತು ವರ್ಷಗಳ ನಂತರ, 1992ರ ಜನವರಿಯಲ್ಲಿ, ಹವಾನಾದಲ್ಲಿ ನಡೆದ ಸಮ್ಮೇಳನದಲ್ಲಿ ಬಿಕ್ಕಟ್ಟಿನ ಕಾಲದಲ್ಲಿ ಅಮೆರಿಕದ ರಕ್ಷಣಾ ಸಚಿವರಾಗಿದ್ದ ರಾಬರ್ಟ್ ಮ್ಯಾಕ್‌ನಮಾರಾ ಇನ್ನೊಂದು ಸಂಗತಿ ತಿಳಿದು ಬೆಚ್ಚಿದರು. ನಗರಗಳನ್ನು ಗುರಿಯಾಗಿಸಿದ್ದ ಕ್ಷಿಪಣಿಗಳ ಜೊತೆಗೆ, ದ್ವೀಪಕ್ಕೆ ಇಳಿಯುವ ಸೇನೆಯ ಮೇಲೆ ಪ್ರಯೋಗಿಸಲು ರಣರಂಗದ ಸಣ್ಣ ಅಣ್ವಸ್ತ್ರಗಳೂ ಅಲ್ಲಿದ್ದವು. ಸೇನಾ ಮುಖ್ಯಸ್ಥರು ಕೇಳಿದಂತೆ ಆಕ್ರಮಣ ನಡೆದಿದ್ದರೆ ಅಮೆರಿಕದ ಸೈನಿಕರು ನೇರವಾಗಿ ಅವುಗಳ ಎದುರಿಗೇ ಇಳಿಯುತ್ತಿದ್ದರು. ಬಿಕ್ಕಟ್ಟಿನ ಕಾಲದಲ್ಲಿ ದ್ವೀಪದಲ್ಲಿ ಸುಮಾರು 10,000 ಸೋವಿಯತ್ ಸೈನಿಕರಿದ್ದಾರೆಂದು ಅಮೆರಿಕ ಅಂದಾಜಿಸಿತ್ತು. ಇದ್ದವರು 40,000ಕ್ಕೂ ಹೆಚ್ಚು.

ಬಿಕ್ಕಟ್ಟಿನಿಂದ ಒಳ್ಳೆಯದೂ ಆಯಿತು. 1963ರ ಜೂನ್‌ನಲ್ಲಿ ಎರಡೂ ರಾಜಧಾನಿಗಳ ನಡುವೆ ನೇರ ಸಂದೇಶದ ತಂತಿಯ ಒಪ್ಪಂದವಾಯಿತು, ಆಗಸ್ಟ್‌ನಲ್ಲಿ ವಾತಾವರಣ, ಬಾಹ್ಯಾಕಾಶ ಮತ್ತು ನೀರಿನಡಿಯ ಪರೀಕ್ಷೆಗಳನ್ನು ನಿಷೇಧಿಸುವ ಒಪ್ಪಂದಕ್ಕೆ ಸಹಿ ಬಿತ್ತು. ಭಾರತವೂ ಸಹಿ ಹಾಕಿತು. ಆದರೆ ಸಂಗ್ರಹಗಳು ಮಾತ್ರ ಬೆಳೆಯುತ್ತಲೇ ಹೋದವು. 1967ರಲ್ಲಿ ಅಮೆರಿಕದ ಬಳಿ 31,000ಕ್ಕೂ ಹೆಚ್ಚು ಸಿಡಿತಲೆಗಳಿದ್ದವು. 1986ರ ಹೊತ್ತಿಗೆ ಜಗತ್ತಿನ ಒಟ್ಟು ಸಂಖ್ಯೆ ಸುಮಾರು 70,000 ಮುಟ್ಟಿತು, ಅದರಲ್ಲಿ ಅರ್ಧಕ್ಕಿಂತ ಹೆಚ್ಚು ಸೋವಿಯತ್ ಒಕ್ಕೂಟದ್ದು.

ಇಷ್ಟೊಂದು ಏಕೆ ಬೇಕಾಯಿತು? ಎದುರಾಳಿ ಮೊದಲು ಹೊಡೆದರೂ ಅವನನ್ನು ನಾಶಮಾಡುವಷ್ಟು ಅಸ್ತ್ರ ನಮ್ಮಲ್ಲಿ ಉಳಿದಿರಬೇಕು ಎಂಬುದು ಎರಡೂ ಕಡೆಯ ಮೂಲ ಸೂತ್ರ. ಇದು ಇಬ್ಬರಿಗೂ ಖಚಿತವಾಗಿದ್ದರೆ ಮೊದಲು ಹೊಡೆಯುವುದರಿಂದ ಯಾರಿಗೂ ಲಾಭವಿಲ್ಲ, ಆಗ ಒಂದು ಬಗೆಯ ಸ್ಥಿರತೆ ಬರುತ್ತದೆ. ಮ್ಯಾಕ್‌ನಮಾರಾ ಲೆಕ್ಕ ಹಾಕಿದಂತೆ ಅದಕ್ಕೆ ಕೆಲವು ನೂರು ಸಿಡಿತಲೆಗಳು ಸಾಕಾಗುತ್ತಿದ್ದವು. ಆದರೆ 1970ರಿಂದ ಒಂದೇ ಕ್ಷಿಪಣಿಯ ಮೂತಿಯಲ್ಲಿ ಹಲವು ಸಿಡಿತಲೆಗಳನ್ನು ಇಟ್ಟು, ಒಂದೊಂದನ್ನೂ ಬೇರೆ ಬೇರೆ ಗುರಿಗೆ ಕಳಿಸುವ ತಂತ್ರಜ್ಞಾನ ಬಂದದ್ದು ಈ ಸ್ಥಿರತೆಯ ಬುಡವನ್ನೇ ಅಲುಗಾಡಿಸಿತು.

ಲೆಕ್ಕ ಸರಳವಾಗಿದೆ. ಇಬ್ಬರ ಬಳಿಯೂ ತಲಾ 100 ಕ್ಷಿಪಣಿಗಳಿದ್ದು, ಒಂದೊಂದರಲ್ಲೂ ಒಂದೇ ಸಿಡಿತಲೆ ಇದೆ ಎಂದುಕೊಳ್ಳಿ. ನೆಲದಡಿಯ ಬಾವಿಯಂಥ ಉಡಾವಣಾ ಗುಂಡಿಯಲ್ಲಿರುವ ಒಂದು ಕ್ಷಿಪಣಿಯನ್ನು ಖಚಿತವಾಗಿ ನಾಶಮಾಡಲು ಎರಡು ಸಿಡಿತಲೆ ಬೇಕಾದರೆ, ಮೊದಲು ಹೊಡೆಯುವವನು ತನ್ನದೆಲ್ಲವನ್ನೂ ಖರ್ಚುಮಾಡಿದರೂ ಎದುರಾಳಿಯ 50 ಕ್ಷಿಪಣಿಗಳು ಉಳಿಯುತ್ತವೆ, ಹೊಡೆದವನೇ ನಿಶ್ಶಸ್ತ್ರನಾಗುತ್ತಾನೆ. ಈಗ ಒಂದೊಂದು ಕ್ಷಿಪಣಿಯಲ್ಲೂ ಹತ್ತು ಸಿಡಿತಲೆ ಇಡಿ. ಕೇವಲ 20 ಕ್ಷಿಪಣಿಗಳಿಂದ ಎದುರಾಳಿಯ 100ನ್ನೂ ಅವು ಮೇಲೇಳುವ ಮೊದಲೇ ಮುಗಿಸಬಹುದು, ಹೊಡೆದವನ ಬಳಿ ಇನ್ನೂ 80 ಉಳಿಯುತ್ತವೆ. ಹೊಡೆಯುವ ಉದ್ದೇಶ ಇಬ್ಬರಿಗೂ ಇಲ್ಲದಿದ್ದರೂ, ಎದುರಿನವನು ಹೊಡೆಯಬಹುದು ಎಂಬ ಅಂಜಿಕೆಯೊಂದೇ ಇಬ್ಬರನ್ನೂ ಅವಸರಕ್ಕೆ ತಳ್ಳುತ್ತದೆ. ಅದರ ಪರಿಣಾಮವಾಗಿ, ಶತ್ರುವಿನ ಕ್ಷಿಪಣಿಗಳು ನೆಲಕ್ಕೆ ಬೀಳುವ ಮೊದಲೇ, ಬರುತ್ತಿವೆ ಎಂಬ ಎಚ್ಚರಿಕೆಯ ಮೇಲೆಯೇ ನಮ್ಮವನ್ನು ಹಾರಿಸಬೇಕು ಎಂಬ ಯೋಜನೆ ರೂಪುಗೊಂಡಿತು. ಜಲಾಂತರ್ಗಾಮಿಗಳಲ್ಲಿರುವ ಕ್ಷಿಪಣಿಗಳನ್ನು ಹುಡುಕಿ ನಾಶಮಾಡುವುದು ಅಸಾಧ್ಯಕ್ಕೆ ಹತ್ತಿರವಾದ್ದರಿಂದ ಈ ಅಂಜಿಕೆಗೆ ಪೂರ್ತಿ ಆಧಾರವಿರಲಿಲ್ಲ, ಆದರೂ ಅದು ಯೋಜನೆಗಳನ್ನು ಆಳಿತು.

ಕ್ಷಿಪಣಿಗಳನ್ನು ತಡೆಯುವ ಗುರಾಣಿಯ ವಿಷಯದಲ್ಲೂ ಇದೇ ತರ್ಕ. ರಕ್ಷಣೆ ಒಳ್ಳೆಯದಲ್ಲವೇ ಎಂದು ಯಾರಿಗಾದರೂ ಅನಿಸುತ್ತದೆ. ಆದರೆ ಒಬ್ಬನ ಗುರಾಣಿ ಎದುರಾಳಿಗೆ ‘ಇವನು ಹೊಡೆದು ಬಚಾವಾಗಲು ಹೊರಟಿದ್ದಾನೆ’ ಎಂಬಂತೆ ಕಾಣುತ್ತದೆ, ಅವನು ಗುರಾಣಿಯನ್ನು ತೂರಿಕೊಂಡು ಬರುವಷ್ಟು ಸಿಡಿತಲೆಗಳನ್ನು ಹೆಚ್ಚಿಸುತ್ತಾನೆ. ಈ ಸುಳಿಯನ್ನು ಅರಿತ ಅಮೆರಿಕದ ಅಧ್ಯಕ್ಷ ನಿಕ್ಸನ್ ಮತ್ತು ಸೋವಿಯತ್ ನಾಯಕ ಬ್ರೆಜ್ನೆವ್ 1972ರ ಮೇ 26ರಂದು ಮಾಸ್ಕೋದಲ್ಲಿ ಕ್ಷಿಪಣಿ ನಿರೋಧಕ ವ್ಯವಸ್ಥೆಗಳಿಗೆ ಮಿತಿ ಹಾಕುವ ಒಪ್ಪಂದಕ್ಕೆ ಸಹಿ ಮಾಡಿದರು. ಶೀತಲ ಸಮರದಲ್ಲಿ ಎರಡೂ ಕಡೆಯವರು ತೋರಿದ ಅಪರೂಪದ ವಿವೇಕ ಇದೆಂದು ನಾನು ಭಾವಿಸುತ್ತೇನೆ. ಅಮೆರಿಕ 2002ರಲ್ಲಿ ಇದರಿಂದ ಹೊರನಡೆಯಿತು.

ಎಚ್ಚರಿಕೆಯ ಮೇಲೆ ಹಾರಿಸುವುದಾದರೆ ಎಚ್ಚರಿಕೆ ಎಂದೂ ತಪ್ಪಬಾರದು. ಅದು ತಪ್ಪುತ್ತಲೇ ಇತ್ತು. 1979ರ ನವೆಂಬರ್ 9ರಂದು ಅಮೆರಿಕದ ವಾಯುರಕ್ಷಣಾ ಕೇಂದ್ರದ ಪರದೆಗಳಲ್ಲಿ ಭಾರೀ ಸೋವಿಯತ್ ದಾಳಿಯೊಂದು ಮೂಡಿತು. ತರಬೇತಿಗೆಂದು ತಯಾರಿಸಿದ ದತ್ತಾಂಶ ನಿಜವಾದ ವ್ಯವಸ್ಥೆಯೊಳಗೆ ಸೇರಿಕೊಂಡಿತ್ತು. 1980ರ ಜೂನ್‌ನಲ್ಲಿ ಮತ್ತೆ ಅಂಥದೇ ಎಚ್ಚರಿಕೆ ಬಂದಾಗ, ತಪ್ಪಿದ್ದದ್ದು 46 ಸೆಂಟ್ ಬೆಲೆಯ ಒಂದು ಕಂಪ್ಯೂಟರ್ ಚಿಪ್‌ನಲ್ಲಿ ಎಂದು ಪತ್ತೆಯಾಯಿತು.

1983ರಲ್ಲಿ ಸಂದೇಹ ಎರಡೂ ಕಡೆ ಉಕ್ಕುತ್ತಿತ್ತು. ಮಾರ್ಚ್‌ನಲ್ಲಿ ಅಮೆರಿಕದ ಅಧ್ಯಕ್ಷ ರೊನಾಲ್ಡ್ ರೇಗನ್ ಸೋವಿಯತ್ ಒಕ್ಕೂಟವನ್ನು ದುಷ್ಟ ಸಾಮ್ರಾಜ್ಯವೆಂದು ಕರೆದರು, ಅದೇ ತಿಂಗಳು ಬಾಹ್ಯಾಕಾಶದ ಕ್ಷಿಪಣಿ ಗುರಾಣಿಯ ಯೋಜನೆಯನ್ನೂ ಘೋಷಿಸಿದರು. ಅಮೆರಿಕ ಮೊದಲ ದಾಳಿಗೆ ಸಜ್ಜಾಗುತ್ತಿದೆಯೇ ಎಂಬ ಸುಳಿವುಗಳನ್ನು ಹುಡುಕಲು ಸೋವಿಯತ್ ಬೇಹುಗಾರರು 1981ರಿಂದಲೇ ಜಗತ್ತಿನಾದ್ಯಂತ ತೊಡಗಿದ್ದರು. ಪಶ್ಚಿಮ ಜರ್ಮನಿಗೆ ಬರಲಿದ್ದ ಪರ್ಷಿಂಗ್-2 ಕ್ಷಿಪಣಿಗಳು ಹತ್ತು ನಿಮಿಷದೊಳಗೆ ಸೋವಿಯತ್ ನೆಲದ ಗುರಿಗಳನ್ನು ಮುಟ್ಟಬಲ್ಲವಾಗಿದ್ದವು. ಸೆಪ್ಟೆಂಬರ್ 1ರಂದು ದಾರಿ ತಪ್ಪಿದ ದಕ್ಷಿಣ ಕೊರಿಯಾದ ಪ್ರಯಾಣಿಕ ವಿಮಾನವನ್ನು ಸೋವಿಯತ್ ಯುದ್ಧವಿಮಾನ ಹೊಡೆದುರುಳಿಸಿ 269 ಮಂದಿ ಸತ್ತರು.

ಅದೇ ತಿಂಗಳ 26ರಂದು, ನಡುರಾತ್ರಿ ಕಳೆದ ಹೊತ್ತಿನಲ್ಲಿ, ಮಾಸ್ಕೋದ ದಕ್ಷಿಣದ ಸೆರ್ಪುಖೋವ್-15 ಕೇಂದ್ರದಲ್ಲಿ ಸೈರನ್ ಮೊಳಗಿತು. ಅಮೆರಿಕದಿಂದ ಒಂದು ಕ್ಷಿಪಣಿ ಹೊರಟಿದೆ, ಆಮೇಲೆ ಇನ್ನೂ ನಾಲ್ಕು ಹೊರಟಿವೆ ಎಂದು ಉಪಗ್ರಹದ ವ್ಯವಸ್ಥೆ ಸೂಚಿಸಿತು. ಪಾಳಿಯಲ್ಲಿದ್ದ ಲೆಫ್ಟಿನೆಂಟ್ ಕರ್ನಲ್ ಸ್ತನಿಸ್ಲಾವ್ ಪೆಟ್ರೋವ್ ಕೈಯಲ್ಲಿ ಯಾವ ಉಡಾವಣೆಯ ಬಟನ್ನೂ ಇರಲಿಲ್ಲ. ಅವರ ಕೆಲಸ ಮೇಲಿನವರಿಗೆ ವರದಿ ಮಾಡುವುದು. ಆದರೆ ನಿಮಿಷಗಳ ಲೆಕ್ಕದಲ್ಲಿ ನಡೆಯುವ ಆ ಸರಪಳಿಯಲ್ಲಿ ಕೆಳಗಿನಿಂದ ‘ದಾಳಿ ನಿಜ’ ಎಂಬ ವರದಿ ಹೋದರೆ ಮೇಲಿನವರು ಅದನ್ನು ಪ್ರಶ್ನಿಸುವ ಅವಕಾಶ ತೀರಾ ಕಡಿಮೆ. ಯುದ್ಧ ಹೂಡುವವರು ಐದೇ ಕ್ಷಿಪಣಿಗಳಿಂದ ಶುರುಮಾಡುವುದಿಲ್ಲ, ವ್ಯವಸ್ಥೆ ಹೊಸದು, ನೆಲದ ರಾಡಾರ್‌ಗಳಲ್ಲಿ ಏನೂ ಕಾಣುತ್ತಿಲ್ಲ ಎಂದು ಯೋಚಿಸಿ ಪೆಟ್ರೋವ್ ಇದನ್ನು ಸುಳ್ಳು ಎಚ್ಚರಿಕೆ ಎಂದು ವರದಿ ಮಾಡಿದರು. ಎತ್ತರದ ಮೋಡಗಳ ಮೇಲೆ ಪ್ರತಿಫಲಿಸಿದ ಸೂರ್ಯನ ಬೆಳಕನ್ನು ಉಪಗ್ರಹ ಕ್ಷಿಪಣಿಯ ಜ್ವಾಲೆ ಎಂದು ತಿಳಿದಿತ್ತು.

ಆರು ವಾರಗಳ ನಂತರ ನ್ಯಾಟೊ ಪಡೆಗಳು ಅಣ್ವಸ್ತ್ರ ಪ್ರಯೋಗದ ಆದೇಶಗಳನ್ನು ರವಾನಿಸುವ ವಾರ್ಷಿಕ ಅಭ್ಯಾಸವನ್ನು ಯುರೋಪಿನಲ್ಲಿ ನಡೆಸಿದಾಗ, ಇದು ಅಭ್ಯಾಸದ ಸೋಗಿನಲ್ಲಿ ನಡೆಯುವ ನಿಜವಾದ ದಾಳಿ ಇರಬಹುದೆಂಬ ಶಂಕೆಯಲ್ಲಿ ಪೂರ್ವ ಜರ್ಮನಿ ಮತ್ತು ಪೋಲೆಂಡಿನ ಕೆಲವು ಸೋವಿಯತ್ ವಾಯುಪಡೆ ಘಟಕಗಳನ್ನು ಸನ್ನದ್ಧಗೊಳಿಸಲಾಯಿತು. ಯುರೋಪಿನಲ್ಲಿದ್ದ ಅಮೆರಿಕದ ವಾಯುಪಡೆಯ ಬೇಹು ಮುಖ್ಯಸ್ಥ ಲೆನಾರ್ಡ್ ಪೆರೂಟ್ಸ್‌ಗೆ ಇದರ ಸುಳಿವು ಸಿಕ್ಕಿತು. ನಿಯಮದಂತೆ ತಮ್ಮ ಕಡೆಯ ಎಚ್ಚರಿಕೆಯನ್ನೂ ಏರಿಸಬಹುದಿತ್ತು. ಅವರು ಏರಿಸಬಾರದೆಂದು ಸಲಹೆ ಕೊಟ್ಟರು. ಯುದ್ಧ ಎಷ್ಟು ಹತ್ತಿರವಿತ್ತು ಎಂಬ ಬಗ್ಗೆ ಇತಿಹಾಸಕಾರರು ಇಂದಿಗೂ ವಾದಿಸುತ್ತಾರೆ. ಆದರೆ ಅಮೆರಿಕ ಆಕ್ರಮಣ ಮಾಡುತ್ತದೆಂದು ಸೋವಿಯತ್ ನಾಯಕರು ನಿಜಕ್ಕೂ ಹೆದರಿರಬಹುದೆಂಬ ಅರಿವು ಆ ಚಳಿಗಾಲದಲ್ಲಿ ರೇಗನ್‌ಗೆ ಮೂಡಿತು. 1984ರ ಜನವರಿಯಿಂದ ಅವರ ಭಾಷಣಗಳ ಧಾಟಿ ಬದಲಾಯಿತು. ಸೋವಿಯತ್ ನಾಯಕರಾಗಿ ಮಿಖಾಯಿಲ್ ಗೋರ್ಬಚೆವ್ ಬಂದ ಮೇಲೆ, 1985ರ ನವೆಂಬರ್‌ನಲ್ಲಿ ಜಿನೀವಾದಲ್ಲಿ, ಅಣು ಯುದ್ಧವನ್ನು ಗೆಲ್ಲಲಾಗದು, ಆದ್ದರಿಂದ ಅದನ್ನು ಎಂದಿಗೂ ಮಾಡಕೂಡದು ಎಂದು ಇಬ್ಬರೂ ಜಂಟಿಯಾಗಿ ಒಪ್ಪಿಕೊಂಡರು.

1987ರ ಡಿಸೆಂಬರ್ 8ರ ಒಪ್ಪಂದ ಮಧ್ಯಮ ವ್ಯಾಪ್ತಿಯ ನೆಲದ ಕ್ಷಿಪಣಿಗಳ ಇಡೀ ವರ್ಗವನ್ನೇ ಅಳಿಸಿತು: 1991ರ ವೇಳೆಗೆ ಒಟ್ಟು 2,692 ಕ್ಷಿಪಣಿಗಳನ್ನು ಎರಡೂ ಕಡೆಯ ಪರಿವೀಕ್ಷಕರ ಕಣ್ಣೆದುರಿಗೇ ನಾಶಮಾಡಲಾಯಿತು. ಕತ್ತರಿಸಿದ ಕ್ಷಿಪಣಿಗಳಿಗಿಂತಲೂ ಆ ಪರಿವೀಕ್ಷಣೆಯೇ ದೊಡ್ಡ ಗಳಿಕೆ. ನಾಲ್ಕು ದಶಕಗಳ ಕಾಲ ಎದುರಾಳಿಯ ಬಳಿ ಏನಿದೆ ಎಂದು ಊಹಿಸಿ, ಊಹೆಗೆ ಹೆದರಿ, ಹೆದರಿಕೆಯಿಂದ ಕೂಡಿಹಾಕಿದ ದೇಶಗಳು ಈಗ ಒಬ್ಬರು ಇನ್ನೊಬ್ಬರ ನೆಲೆಗಳಿಗೆ ಹೋಗಿ ಎಣಿಸಿ ಬರುತ್ತಿದ್ದವು.

ಆ ವ್ಯವಸ್ಥೆಯನ್ನು ಕಳೆದ ಇಪ್ಪತ್ತೈದು ವರ್ಷಗಳಲ್ಲಿ ಒಂದೊಂದೇ ಕಂಬ ಕಿತ್ತು ಕೆಡವಲಾಗಿದೆ. 1987ರ ಒಪ್ಪಂದ, ರಷ್ಯಾ ಅದನ್ನು ಉಲ್ಲಂಘಿಸಿದೆ ಎಂಬ ಆರೋಪದೊಂದಿಗೆ ಅಮೆರಿಕ ಹೊರನಡೆದಾಗ, 2019ರ ಆಗಸ್ಟ್‌ನಲ್ಲಿ ಕೊನೆಗೊಂಡಿತು. 2010ರ ಏಪ್ರಿಲ್‌ನಲ್ಲಿ ಪ್ರಾಗ್‌ನಲ್ಲಿ ಸಹಿಯಾದ ‘ನ್ಯೂ ಸ್ಟಾರ್ಟ್’ ಒಪ್ಪಂದ ಸನ್ನದ್ಧ ಸ್ಥಿತಿಯ ದೀರ್ಘ ವ್ಯಾಪ್ತಿಯ ಸಿಡಿತಲೆಗಳಿಗೆ ಎರಡೂ ಕಡೆ 1,550ರ ಮಿತಿ ಹಾಕಿತ್ತು. ಅದರಡಿ ವರ್ಷಕ್ಕೆ 18 ಸ್ಥಳ ಪರಿವೀಕ್ಷಣೆಗಳಿಗೆ ಅವಕಾಶವಿತ್ತು, ಕ್ಷಿಪಣಿಯೊಂದನ್ನು ಒಂದು ನೆಲೆಯಿಂದ ಇನ್ನೊಂದಕ್ಕೆ ಸಾಗಿಸಿದರೂ ಎದುರಾಳಿಗೆ ಸೂಚನೆ ಕಳಿಸಬೇಕಿತ್ತು. ಪರಿವೀಕ್ಷಣೆಗಳು 2020ರ ಮಾರ್ಚ್‌ನಲ್ಲಿ ಕೋವಿಡ್‌ನಿಂದಾಗಿ ನಿಂತವು, ಮತ್ತೆ ಆರಂಭವಾಗಲಿಲ್ಲ. ಉಕ್ರೇನ್ ಯುದ್ಧದ ನಡುವೆ, 2023ರ ಫೆಬ್ರವರಿಯಲ್ಲಿ ರಷ್ಯಾ ತನ್ನ ಪಾಲ್ಗೊಳ್ಳುವಿಕೆಯನ್ನು ಅಮಾನತಿನಲ್ಲಿಟ್ಟಿತು. ಮತ್ತೊಮ್ಮೆ ವಿಸ್ತರಿಸಲು ಒಪ್ಪಂದದಲ್ಲೇ ಅವಕಾಶವಿಲ್ಲದ ಅದರ ಅವಧಿ 2026ರ ಫೆಬ್ರವರಿ 5ಕ್ಕೆ ಮುಗಿಯುವಂತೆ ನಿಗದಿಯಾಗಿತ್ತು. ಜಗತ್ತಿನಲ್ಲಿ ಈಗ ಸುಮಾರು 12,000 ಸಿಡಿತಲೆಗಳಿದ್ದು, ಹತ್ತರಲ್ಲಿ ಒಂಬತ್ತರ ಸಮೀಪ ಪಾಲು ರಷ್ಯಾ ಮತ್ತು ಅಮೆರಿಕದ್ದೇ. ಚೀನಾದ ಸಂಗ್ರಹ ಸುಮಾರು 600ಕ್ಕೆ ಏರಿದೆ, ಅದರ ಮೇಲೆ ಯಾವ ಒಪ್ಪಂದದ ಮಿತಿಯೂ ಇಲ್ಲ. ಖಂಡಾಂತರ ಕ್ಷಿಪಣಿಗೆ ಇಂದಿಗೂ ಹಿಡಿಯುವುದು ಅದೇ 30 ನಿಮಿಷ. ಅದರಲ್ಲಿ ಪತ್ತೆಹಚ್ಚುವ, ಖಚಿತಪಡಿಸಿಕೊಳ್ಳುವ, ಆದೇಶ ರವಾನಿಸುವ ಕಾಲವನ್ನು ಕಳೆದರೆ, ಅಮೆರಿಕದ ಅಧ್ಯಕ್ಷರಿಗೆ ಯೋಚಿಸಲು ಉಳಿಯುವುದು ಹೆಚ್ಚೆಂದರೆ ಹತ್ತು ನಿಮಿಷ.